ಆಯುವವರ ಕಾಯಕ

ಸಂಡೂರಿನ ಗುಡ್ಡಗಳನ್ನಗೆದು ಅದಿರನ್ನೊಯ್ಯುವುದನ್ನು ಉದ್ಯಮವೆಂದು ಗೌರವಿಸುವ ನಾವು, ಹೊಸಪೇಟೆಯ ಬೀದಿಗಳಲ್ಲಿ ಹಳೆಯ ಕಬ್ಬಿಣವನ್ನಾಯುವವನನ್ನು ಕಂಡರೆ ಹುಬ್ಬು ಗಂಟಿಕ್ಕುತ್ತೇವೆ. ವಿಚಾರಿಸಿ ನೋಡಿದರೆ, ಒಂದು ಟನ್ ಹಳೆಯ ಉಕ್ಕು ಕುಲುಮೆಗೆ ಮರಳಿದಾಗ ಒಂದು ಟನ್ನಿಗೂ ಮಿಕ್ಕ ಅದಿರು ನೆಲದೊಡಲಲ್ಲಿಯೇ ಉಳಿಯುತ್ತದೆ. ಗುಡ್ಡವನ್ನುಳಿಸುವ ಆ ಕೈಗೆ ದೊರೆಯುವುದಾದರೂ ಏನು? ತುಕ್ಕುಹಿಡಿದ ತಗಡಿನ ಗಾಯ, ಗುಜರಿ ಅಂಗಡಿಯ ತಕ್ಕಡಿ ಹೇಳಿದಷ್ಟು ಕಾಸು.

ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನಾಯ್ದು ದಾಸೋಹ ನಡೆಸಿದ ಮಾರಯ್ಯನನ್ನು ಶರಣನೆಂದು ನಮಿಸುವವರಿಗೆ, ಕಬ್ಬಿಣವನ್ನಾಯುವವನು ಕಳ್ಳನಂತೆ ತೋರುವುದು ಯಾವ ನ್ಯಾಯ? ತ್ಯಾಜ್ಯವನ್ನಾಯುವವರನ್ನು ಗುರುತಿಸಿ ವ್ಯವಸ್ಥೆಯೊಳಗೆ ಸೇರಿಸಿಕೊಳ್ಳಬೇಕೆಂದು 2016ರ ಘನತ್ಯಾಜ್ಯ ನಿರ್ವಹಣಾ ನಿಯಮಗಳೇ ವಿಧಿಸಿದವು. ಗುರುತಿನ ಚೀಟಿಯನ್ನು ನಗರಸಭೆ ಕೊಡಲಿ. ಅವರ ಮಕ್ಕಳಿಗೆ ಶಾಲೆಯಲ್ಲಿ ಸ್ಥಳವನ್ನೂ ಪಂಕ್ತಿಯಲ್ಲಿ ಎಲೆಯನ್ನೂ ನಾವು ಕೊಡೋಣ. ಕಾಯಕವನ್ನು ಕುರಿತು ಭಾಷಣ ಮಾಡುವ ಅಧಿಕಾರ ನಮಗೆ ಬರುವುದು ಆಮೇಲೆ.