ಪಾತ್ರಕ್ಕಾಗಿ ಕಾಯದ ನಟಿ

ಅಮೆರಿಕದ ಸ್ವತಂತ್ರ ಸಿನಿಮಾ ಅನೇಕ ನಟಿಯರಿಗೆ ಉತ್ತಮ ಪಾತ್ರಗಳನ್ನು ಕೊಟ್ಟಿದೆ. ಆದರೆ ಅವರಿಗೆ ಜೀವನಾಧಾರವನ್ನೂ ಒದಗಿಸಿದೆಯೇ? ಅಲ್ಲಿನ ಕಲಾವಿದರ ಸಂಘಟನೆ ‘ಸ್ಯಾಗ್-ಆಫ್ಟ್ರಾ’ 2023ರಲ್ಲಿ 118 ದಿನ ನಡೆಸಿದ ಮುಷ್ಕರ ಈ ಪ್ರಶ್ನೆಯನ್ನು ಮುನ್ನೆಲೆಗೆ ತಂದಿತು. ಆ ವರ್ಷ ಆರೋಗ್ಯ ವಿಮೆಗೆ ಅರ್ಹರಾಗಲು ಕಲಾವಿದರು ವರ್ಷಕ್ಕೆ 26,470 ಡಾಲರ್ ಗಳಿಸಬೇಕಿತ್ತು. ಸದಸ್ಯರಲ್ಲಿ ಬಹುಪಾಲು ಮಂದಿ ಆ ಮಟ್ಟವನ್ನೂ ಮುಟ್ಟುತ್ತಿರಲಿಲ್ಲ.

ಈ ಹಿನ್ನೆಲೆಯಲ್ಲಿ ಏಡ್ರಿಯನ್ ಶೆಲ್ಲಿಯ ವೃತ್ತಿಬದುಕು ಪರಿಶೀಲನೆಗೆ ಅರ್ಹವೆಂದು ನನಗನ್ನಿಸುತ್ತದೆ. 1966ರಲ್ಲಿ ನ್ಯೂಯಾರ್ಕಿನಲ್ಲಿ ಜನಿಸಿದ ಆಕೆ, ನಿರ್ದೇಶಕ ಹ್ಯಾಲ್ ಹಾರ್ಟ್ಲಿಯ ‘ದಿ ಅನ್‌ಬಿಲೀವಬಲ್ ಟ್ರೂಥ್’ (1989) ಮತ್ತು ‘ಟ್ರಸ್ಟ್’ (1990) ಚಿತ್ರಗಳಿಂದ ವಿಮರ್ಶಕರ ಗಮನ ಸೆಳೆದರು. ‘ಟ್ರಸ್ಟ್’ನಲ್ಲಿ ಆಕೆಯದು ಬಸಿರಾಗಿ ಮನೆಯಿಂದ ಹೊರಬಿದ್ದ ಶಾಲಾ ಹುಡುಗಿಯ ಪಾತ್ರ. ಮೆಚ್ಚುಗೆ ಸಿಕ್ಕಿತು, ತಾರಾಪಟ್ಟ ಮಾತ್ರ ದೊರೆಯಲಿಲ್ಲ. ಮುಂದೆ ಸಣ್ಣ ಬಜೆಟ್ಟಿನ ಚಿತ್ರಗಳು, ಟಿವಿ ಧಾರಾವಾಹಿಗಳ ಅತಿಥಿ ಪಾತ್ರಗಳಲ್ಲೇ ಅಭಿನಯ ಸಾಗಿತು.

ಆಕೆ ಸುಮ್ಮನೆ ಕೂರಲಿಲ್ಲ. 1996ರಲ್ಲಿ ‘ಸಡನ್ ಮ್ಯಾನ್‌ಹಟನ್’ ಚಿತ್ರವನ್ನು ತಾನೇ ಬರೆದು, ನಿರ್ದೇಶಿಸಿ, ನಟಿಸಿದರು. ಸ್ವತಃ ಗರ್ಭಿಣಿಯಾಗಿದ್ದಾಗ ಬರೆದ ‘ವೇಟ್ರೆಸ್’, ಕ್ರೂರ ಗಂಡನ ಹಿಡಿತದಲ್ಲಿ ಸಿಲುಕಿದ, ತಾಯ್ತನಕ್ಕೆ ಅಂಜುವ ಹೋಟೆಲ್ ಪರಿಚಾರಕಿಯ ಕಥೆ. ನಾಯಕಿಯ ಪಾತ್ರವನ್ನು ಕೆರಿ ರಸೆಲ್‌ಗೆ ಬಿಟ್ಟುಕೊಟ್ಟ ಶೆಲ್ಲಿ, ತಾವು ಪೋಷಕ ಪಾತ್ರಕ್ಕೆ ಸರಿದರು.

2006ರ ನವೆಂಬರ್ 1ರಂದು ಮ್ಯಾನ್‌ಹಟನ್‌ನ ತಮ್ಮ ಕಚೇರಿಯಲ್ಲೇ ಆಕೆ ಕೊಲೆಯಾದರು. ಆಗ ವಯಸ್ಸು 40. ಎರಡೂವರೆ ತಿಂಗಳ ಬಳಿಕ ‘ವೇಟ್ರೆಸ್’ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು. ಅಮೆರಿಕದಲ್ಲೇ ಸುಮಾರು 1.9 ಕೋಟಿ ಡಾಲರ್ ಗಳಿಸಿತು. ಅದನ್ನು ಆಧರಿಸಿದ ಸಂಗೀತ ನಾಟಕ 2016ರಲ್ಲಿ ಬ್ರಾಡ್‌ವೇ ರಂಗಭೂಮಿಗೂ ಬಂತು.

ಶೆಲ್ಲಿಯನ್ನು ದುರಂತ ನಾಯಕಿಯಾಗಿ ಮಾತ್ರ ಸ್ಮರಿಸುವುದು ಸುಲಭ. ಆದರೆ ಆಕೆಯ ಸಾಧನೆಯನ್ನು ಮುಂದಿಟ್ಟು, ಪ್ರತಿಭೆಯಿದ್ದವರು ಹೇಗೂ ದಾರಿ ಕಂಡುಕೊಳ್ಳುತ್ತಾರೆ ಎಂದು ವಾದಿಸುವುದನ್ನು ನಾನು ಒಪ್ಪಲಾರೆ. ನಟನೆಯೊಂದನ್ನೇ ನಂಬಿದವರಿಗೂ ಬದುಕುವ ಹಕ್ಕಿದೆ. 2023ರಲ್ಲಿ ಸಂಘದ ಷರತ್ತುಗಳನ್ನು ಒಪ್ಪಿದ ಅನೇಕ ಸ್ವತಂತ್ರ ನಿರ್ಮಾಪಕರಿಗೆ ಮುಷ್ಕರದ ನಡುವೆಯೂ ಚಿತ್ರೀಕರಣಕ್ಕೆ ಅನುಮತಿ ದೊರೆಯಿತು. ಪುಟ್ಟ ನಿರ್ಮಾಪಕರೇ ಒಪ್ಪಿದ ಷರತ್ತುಗಳನ್ನು ದೊಡ್ಡ ಸ್ಟುಡಿಯೋಗಳು ತಿಂಗಳುಗಟ್ಟಲೆ ನಿರಾಕರಿಸಿದ್ದವು. ಹಣದ ಕೊರತೆಯೇ ಕಾರಣವಾಗಿರಲಿಲ್ಲ ಎಂಬುದಕ್ಕೆ ಬೇರೆ ಪುರಾವೆ ಬೇಕಿಲ್ಲ.