ಏಲಿಯನ್‌ಗೆ ಕೊಟ್ಟ ಕ್ರೆಡಿಟ್ ವಾಪಸ್ ಪಡೆಯೋಣ

ಯೂಟ್ಯೂಬ್‌ನಲ್ಲಿ ‘ಈಸ್ಟರ್ ಐಲ್ಯಾಂಡ್’ ಎಂದು ಹುಡುಕಿ ನೋಡಿ. ಸ್ವಲ್ಪ ಹೊತ್ತಿನಲ್ಲೇ ಏಲಿಯನ್‌ಗಳು ಬಂದುಬಿಡುತ್ತಾರೆ. ಸಮುದ್ರದ ನಡುವೆ ಒಂಟಿ ದ್ವೀಪ, ಹತ್ತಾರು ಟನ್ ತೂಕದ ಕಲ್ಲಿನ ಮೂರ್ತಿಗಳು, ಕ್ರೇನ್ ಇಲ್ಲ, ಚಕ್ರವೂ ಇಲ್ಲ. ಹಿನ್ನೆಲೆಯಲ್ಲಿ ಎದೆ ನಡುಗಿಸುವ ಮ್ಯೂಸಿಕ್. ‘ಇದನ್ನು ಮನುಷ್ಯರು ಮಾಡಲು ಸಾಧ್ಯವೇ?’ ಎಂಬ ಪ್ರಶ್ನೆ. ನಮ್ಮ ಹಾಸ್ಟೆಲ್‌ನಲ್ಲಿ ರಾತ್ರಿ ಊಟದ ನಂತರ ಇಂಥ ವಿಡಿಯೊಗಳಿಗೆ ಒಳ್ಳೆಯ ಡಿಮ್ಯಾಂಡ್. ಎಂಜಿನಿಯರಿಂಗ್ ಓದುವವರೇ ಬಾಯಿ ಬಿಟ್ಟುಕೊಂಡು ನೋಡುತ್ತಾರಲ್ಲ ಎಂಬುದೇ ನನ್ನ ತಕರಾರು. ಏಕೆಂದರೆ ಆ ಪ್ರಶ್ನೆಗೆ ಬೇಕಾದ ಉತ್ತರದ ಬಹುಪಾಲು ನಮ್ಮ ಮೊದಲ ವರ್ಷದ ಮೆಕ್ಯಾನಿಕ್ಸ್ ಪಾಠದಲ್ಲೇ ಇದೆ.

ಆ ದ್ವೀಪಕ್ಕೆ ಅಲ್ಲಿನ ಜನ ಇಟ್ಟುಕೊಂಡಿರುವ ಹೆಸರು ರಾಪಾ ನೂಯಿ. 1722ರ ಈಸ್ಟರ್ ಭಾನುವಾರ ಡಚ್ ನಾವಿಕ ರೊಗೆವೀನ್ ಅಲ್ಲಿಗೆ ಬಂದಿದ್ದರಿಂದ ಹೊರಗಿನವರಿಗೆ ಅದು ಈಸ್ಟರ್ ದ್ವೀಪವಾಯಿತು. ಈಗ ಅದು ಚಿಲಿ ದೇಶದ ಭಾಗ. ಆದರೆ ಚಿಲಿಯ ಕರಾವಳಿಯಿಂದ 3,500 ಕಿಲೋಮೀಟರ್‌ಗೂ ಹೆಚ್ಚು ದೂರ. ಸುಮಾರು 800 ವರ್ಷಗಳ ಹಿಂದೆ ಪಾಲಿನೇಷ್ಯಾದ ಜನ ದೋಣಿಯಲ್ಲಿ ಬಂದು ಅಲ್ಲಿ ನೆಲೆಸಿದರು. ‘ಮೊವಾಯಿ’ ಎಂಬ ಮೂರ್ತಿಗಳನ್ನು ಕಡೆದವರು ಅವರೇ. ಒಂದೆರಡಲ್ಲ, ಹತ್ತಿರ ಹತ್ತಿರ ಸಾವಿರ. ಹೆಚ್ಚಿನವನ್ನು ಕಡೆದದ್ದು ರಾನೊ ರರಾಕು ಎಂಬ ಜ್ವಾಲಾಮುಖಿ ಗುಡ್ಡದ ಮೆದುಗಲ್ಲಿನಲ್ಲಿ. ಉಳಿ ಕಬ್ಬಿಣದ್ದಲ್ಲ, ಗಟ್ಟಿ ಕಪ್ಪು ಕಲ್ಲಿನದು.

ಅಲ್ಲಿಂದ ಕರಾವಳಿಯ ಕಟ್ಟೆಗಳವರೆಗೆ ಮೂರ್ತಿಗಳು ಹೋದದ್ದು ಹೇಗೆ? ದ್ವೀಪದವರನ್ನು ಕೇಳಿದಾಗ ಅವರು ಕೊಟ್ಟ ಉತ್ತರ ಒಂದೇ: ನಡೆದುಕೊಂಡು ಹೋದವು. ಕೇಳಿದವರು ನಕ್ಕರು, ಪುರಾಣ ಎಂದು ಬರೆದುಕೊಂಡರು.

ಮನೆ ಬದಲಾಯಿಸುವಾಗ ಕಬ್ಬಿಣದ ಬೀರು ಸರಿಸುವುದನ್ನು ನೀವು ನೋಡಿರುತ್ತೀರಿ. ಎತ್ತಲು ಆಗುವುದಿಲ್ಲ. ಒಂದು ಪಕ್ಕಕ್ಕೆ ವಾಲಿಸಿ, ಎದ್ದ ಕಾಲನ್ನು ಮುಂದಕ್ಕೆ ತಿರುಗಿಸಿ ಇಡುತ್ತಾರೆ. ಮತ್ತೆ ಇನ್ನೊಂದು ಪಕ್ಕ. ಬೀರು ಹೆಜ್ಜೆ ಹಾಕುತ್ತಾ ಬಾಗಿಲವರೆಗೆ ಬರುತ್ತದೆ. ಪಾವೆಲ್ ಪಾವೆಲ್ ಎಂಬ ಜೆಕ್ ಎಂಜಿನಿಯರ್ 1986ರಲ್ಲಿ ರಾಪಾ ನೂಯಿಯಲ್ಲೇ ನಿಜವಾದ ಮೂರ್ತಿಗೆ ಹಗ್ಗ ಕಟ್ಟಿ ಹೀಗೆಯೇ ಸರಿಸಿ ತೋರಿಸಿದ. ಆದರೆ ಬುಡದ ಕಲ್ಲು ಸವೆಯತೊಡಗಿತು, ಪ್ರಯೋಗ ನಿಂತಿತು.

ಮುಂದೆ ಅಮೆರಿಕದ ಪುರಾತತ್ವಜ್ಞರಾದ ಟೆರ್ರಿ ಹಂಟ್ ಮತ್ತು ಕಾರ್ಲ್ ಲಿಪೊ ಕೇಳಿದ ಪ್ರಶ್ನೆ ನನಗೆ ತುಂಬಾ ಇಷ್ಟ. ಕಟ್ಟೆಯ ಮೇಲೆ ನಿಂತ ಮೂರ್ತಿಗಳನ್ನು ಬಿಟ್ಟು, ದಾರಿಯಲ್ಲೇ ಬಿದ್ದುಹೋದ ಮೂರ್ತಿಗಳನ್ನು ಅವರು ನೋಡಿದರು. ಇವುಗಳ ಆಕಾರವೇ ಬೇರೆ. ಬುಡ ಅಗಲ, ಅದರ ಮುಂಚು ಇಂಗ್ಲಿಷಿನ ‘ಡಿ’ ಅಕ್ಷರದಂತೆ ಗುಂಡಗೆ. ಇಡೀ ಮೂರ್ತಿ ಮುಂದಕ್ಕೆ ವಾಲಿದೆ. ನೆಟ್ಟಗೆ ನಿಲ್ಲಿಸಲು ಹೋದರೆ ಮುಗ್ಗರಿಸುತ್ತದೆ. ನಿಲ್ಲುವ ಮೂರ್ತಿಗೆ ಇದು ದೋಷ, ನಡೆಯುವ ಮೂರ್ತಿಗೆ ಇದೇ ಡಿಸೈನ್. ಪಕ್ಕಕ್ಕೆ ತೂಗಿದರೆ ಸಾಕು, ಗುರುತ್ವ ಕೇಂದ್ರ ಮುಂದಿರುವುದರಿಂದ ಅದು ತಾನಾಗಿ ಅರ್ಧ ತಿರುಗಿ ಮುಂದಕ್ಕೆ ಬೀಳಲು ಹೊರಡುತ್ತದೆ. ಹಿಂದಿನ ಹಗ್ಗ ಬೀಳದಂತೆ ತಡೆಯುತ್ತದೆ. ಜಾಗ ಸೇರಿದ ಮೇಲೆ ಬುಡವನ್ನು ಕೆತ್ತಿ ಮಟ್ಟ ಮಾಡಿ ನೆಟ್ಟಗೆ ನಿಲ್ಲಿಸುತ್ತಿದ್ದರು.

ಅವರು ಅದೇ ಆಕಾರದ 4.35 ಟನ್ ತೂಕದ ಕಾಂಕ್ರೀಟ್ ಪ್ರತಿಕೃತಿ ಮಾಡಿಸಿದರು. ಮೂರು ಹಗ್ಗ, 18 ಜನ. 40 ನಿಮಿಷದಲ್ಲಿ ಅದು 100 ಮೀಟರ್ ನಡೆಯಿತು. ವಿಡಿಯೊ ಇದೆ, ನೋಡಿ. ಕುಡಿದವನು ಮನೆಗೆ ಹೊರಟಂತೆ ಕಾಣುತ್ತದೆ! ದಾರಿಯಲ್ಲಿ ಬಿದ್ದ ಮೂರ್ತಿಗಳೂ ಸಾಕ್ಷಿ ಹೇಳುತ್ತವೆ: ಇಳಿಜಾರಿನಲ್ಲಿ ಹೆಚ್ಚಾಗಿ ಮುಖ ಅಡಿಯಾಗಿ, ಏರಿನಲ್ಲಿ ಬೆನ್ನು ಅಡಿಯಾಗಿ ಬಿದ್ದಿವೆ. ಫೇಲ್ಯೂರ್ ಅನಾಲಿಸಿಸ್‌ಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕೆ? ಇದನ್ನು ಒಪ್ಪದ ವಿದ್ವಾಂಸರೂ ಇದ್ದಾರೆ. ಮರದ ದಿಮ್ಮಿಗಳ ಮೇಲೆ ಮಲಗಿಸಿ ಎಳೆದರು ಎಂದು ಜೋ ಆನ್ ವಾನ್ ಟಿಲ್ಬರ್ಗ್ ವಾದಿಸಿ, 1998ರಲ್ಲಿ ಎಳೆದೂ ತೋರಿಸಿದರು. ಇರಲಿ. ಅಲ್ಲಿಯೂ ಎಳೆದವರು ಮನುಷ್ಯರೇ.

ಇನ್ನೊಂದು ವಿಷಯ. ದಾರಿಯಲ್ಲಿರುವ ಮೂರ್ತಿಗಳಿಗೆ ಕಣ್ಣಿನ ಗುಳಿ ಇಲ್ಲ. ಕಟ್ಟೆ ಏರಿದ ಮೇಲೆಯೇ ಕಣ್ಣು ಕೊರೆಯುತ್ತಿದ್ದರು. ಬಿಳಿ ಹವಳದ ಒಂದು ಕಣ್ಣು 1978ರಲ್ಲಿ ಅನಾಕೆನಾ ಎಂಬಲ್ಲಿ ಅಗೆಯುವಾಗ ಸಿಕ್ಕಿತು. ಕಣ್ಣಿಟ್ಟ ಮೇಲೆಯೇ ಅದು ಹಿರಿಯರ ಜೀವಂತ ರೂಪ. ಈ ಮೂರ್ತಿಗಳಲ್ಲಿ ಹೆಚ್ಚಿನವು ಕಡಲಿಗೆ ಬೆನ್ನು ಹಾಕಿ ತಮ್ಮ ಊರನ್ನು ನೋಡುತ್ತಿದ್ದವು.

ಏಲಿಯನ್ ಕಥೆ ಒಂದು ಬಗೆಯ ಅವಮಾನವಾದರೆ ಇನ್ನೊಂದು ಬಗೆಯದು ಸೆಮಿನಾರ್‌ಗಳಲ್ಲಿ ನಡೆಯುತ್ತದೆ. ‘ಮೂರ್ತಿ ಸಾಗಿಸುವ ಹುಚ್ಚಿನಲ್ಲಿ ಇದ್ದಬದ್ದ ಮರ ಕಡಿದರು, ಹೊಡೆದಾಡಿ ಸತ್ತರು’ ಎಂದು ಒಂದು ಸ್ಲೈಡ್. ಜೇರೆಡ್ ಡೈಮಂಡ್ ಅವರ 2005ರ ‘ಕೊಲ್ಯಾಪ್ಸ್’ ಪುಸ್ತಕದಿಂದ ಈ ಕಥೆ ಜಗತ್ತಿನ ತುಂಬಾ ಹಬ್ಬಿತು. ಕಾಡು ಹೋದದ್ದು ನಿಜ. ಬೆಂಕಿ ಇಟ್ಟು ಕಾಡು ಸವರಿದ್ದೂ ಇದೆ, ದೋಣಿಯಲ್ಲಿ ಬಂದ ಇಲಿಗಳು ತಾಳೆಯ ಬೀಜ ತಿಂದು ಮುಗಿಸಿದ್ದೂ ಇದೆ. ಆದರೆ ಜನ ಸುಮ್ಮನೆ ಕೂರಲಿಲ್ಲ. ಹೊಲದ ಮೇಲೆ ಕಲ್ಲು ಹಾಸಿ, ಗಾಳಿಯಿಂದ ಮಣ್ಣನ್ನೂ ತೇವವನ್ನೂ ಕಾಪಾಡಿ ಗೆಣಸು ಬೆಳೆದರು. 2024ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದ ಅಧ್ಯಯನವೊಂದು ಹಿಂದಿನ 15 ದ್ವೀಪವಾಸಿಗಳ ಡಿಎನ್‌ಎ ಪರೀಕ್ಷಿಸಿತು. 1600ರ ದಶಕಗಳಲ್ಲಿ ಜನಸಂಖ್ಯೆ ಕುಸಿದ ಗುರುತೇ ಅದರಲ್ಲಿ ಸಿಗಲಿಲ್ಲ.

ಹಾಗಾದರೆ ಜನ ಯಾವಾಗ ಹೋದರು? 1862–63ರಲ್ಲಿ. ಪೆರುವಿನಿಂದ ಬಂದ ಹಡಗುಗಳು ಸುಮಾರು 1,500 ಜನರನ್ನು ಗುಲಾಮರನ್ನಾಗಿ ಹಿಡಿದೊಯ್ದವು. ಬದುಕಿ ವಾಪಸಾದ ಕೆಲವೇ ಮಂದಿಯ ಜೊತೆ ಸಿಡುಬೂ ಬಂತು. 1877ರ ಹೊತ್ತಿಗೆ ದ್ವೀಪದಲ್ಲಿ ಉಳಿದಿದ್ದವರು 111 ಜನ. ‘ರೊಂಗೊರೊಂಗೊ’ ಎಂಬ, ಹಲಗೆಗಳ ಮೇಲೆ ಕೊರೆದ ಅವರ ಬರಹವನ್ನು ಓದಬಲ್ಲವರೂ ಹೋದರು. ಇವತ್ತಿಗೂ ಅದನ್ನು ಯಾರಿಂದಲೂ ಓದಲು ಆಗಿಲ್ಲ. ಮರ ಕಡಿದದ್ದಕ್ಕೆ ಒಂದು ಸ್ಲೈಡ್ ಇಡುವವರು ಇದಕ್ಕೆ ಅರ್ಧ ಸ್ಲೈಡ್ ಕೂಡ ಇಡುವುದಿಲ್ಲ. ಕೆಲಸ ಮಾಡಿದವರ ಹೆಸರು ಅಳಿಸಿ, ಕೊಂದವರ ಹೆಸರನ್ನೂ ಮರೆಸಿದರೆ ಉಳಿಯುವುದು ‘ನಿಗೂಢ ದ್ವೀಪ’ವಷ್ಟೇ.

ಅಲ್ಲಿ ಉಳಿದ ಕೆಲವೇ ಜನರ ಮೊಮ್ಮಕ್ಕಳು, ಮರಿಮಕ್ಕಳು ಇಂದಿಗೂ ಅಲ್ಲೇ ಇದ್ದಾರೆ, ತಮ್ಮ ಭಾಷೆ ಮಾತನಾಡುತ್ತಾರೆ. 1868ರಲ್ಲಿ ಬ್ರಿಟಿಷ್ ನೌಕಾಪಡೆಯ ‘ಟೋಪಾಜ್’ ಹಡಗು ಹೊತ್ತೊಯ್ದ ‘ಹೋವಾ ಹಕನನೈಯಾ’ ಎಂಬ ಮೂರ್ತಿಯನ್ನು ಕೇಳಲು 2018ರಲ್ಲಿ ಅವರ ನಿಯೋಗವೊಂದು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂಗೆ ಹೋಗಿತ್ತು. ನಮ್ಮ ಹಿರಿಯರನ್ನು ನಮಗೆ ಕೊಡಿ ಎಂಬುದು ಅವರ ಬೇಡಿಕೆ. ಮೂರ್ತಿ ಇನ್ನೂ ಲಂಡನ್ನಿನಲ್ಲೇ ಇದೆ.