ನೋಟೀಸಿಗೆ ಹೆದರುವ ಗುಡ್ಡ ಉಂಟೇ?

ಮೃಗಶಿರಾ ಮಳೆ ಹಿಡಿಯಿತೆಂದರೆ ರೈತನಿಗೆ ಹಬ್ಬ. ಉತ್ತರ ಕನ್ನಡದಲ್ಲಿ ಗುಡ್ಡದ ಬುಡಕ್ಕೆ ಮನೆ ಮಾಡಿಕೊಂಡವರಿಗೆ ಮಾತ್ರ ಈಗ ಅದು ಜಾಗರಣೆಯ ಕಾಲ.

2021ರ ಜುಲೈನಲ್ಲಿ ಯಲ್ಲಾಪುರ ತಾಲೂಕಿನ ಕಳಚೆಯಲ್ಲಿ ಗುಡ್ಡ ಕುಸಿದು ತೋಟ, ರಸ್ತೆಗಳನ್ನು ನುಂಗಿತು. 2022ರ ಆಗಸ್ಟ್‌ನಲ್ಲಿ ಭಟ್ಕಳದ ಮುಟ್ಟಳ್ಳಿಯಲ್ಲಿ ಒಂದೇ ಮನೆಯ ನಾಲ್ವರು ಮಣ್ಣಿನಡಿ ಸತ್ತರು. 2024ರ ಜುಲೈ 16ರ ಬೆಳಿಗ್ಗೆ ಅಂಕೋಲಾ ತಾಲೂಕಿನ ಶಿರೂರಿನಲ್ಲಿ ಗುಡ್ಡ ರಾಷ್ಟ್ರೀಯ ಹೆದ್ದಾರಿ 66ರ ಮೇಲೇ ಬಂತು. ದಾರಿಬದಿಯ ಚಹಾದಂಗಡಿ ಮನೆಮಂದಿ ಸಮೇತ ಹೋಯಿತು. ಮಣ್ಣು ಗಂಗಾವಳಿಗೆ ಬಿದ್ದ ರಭಸಕ್ಕೆ ನೀರು ಎದ್ದು ಆಚೆ ದಡದ ಉಳುವರೆಯ ಮನೆಗಳನ್ನೂ ಕೆಡವಿತು. ಹೊಳೆಯಲ್ಲಿ ಹೂತ ಲಾರಿ, ಅದರ ಚಾಲಕನ ದೇಹ ಸಿಕ್ಕಿದ್ದು 71 ದಿನಗಳ ಮೇಲೆ.

ಮಳೆ ಜಾಸ್ತಿ ಆಯ್ತು ಎಂದು ಕೈತೊಳೆದುಕೊಳ್ಳುವುದು ಸುಲಭ. ಮಳೆ ಈ ಜಿಲ್ಲೆಗೆ ಹೊಸ ನೆಂಟನೇನಲ್ಲ. ಗುಡ್ಡದ ಬುಡವನ್ನು ಗೋಡೆಯಂತೆ ನೆಟ್ಟಗೆ ಕಡಿದರೆ ಮೇಲಿನ ಮಣ್ಣಿಗೆ ಆಸರೆ ಎಲ್ಲಿಯದು? ಇಂಗಿದ ನೀರಿಗೆ ಒಳಗಿನ ಜೇಡಿ ಮೆತ್ತಗಾಗುತ್ತದೆ, ಮೇಲಿನ ಭಾರ ಹೆಚ್ಚುತ್ತದೆ, ಒಂದು ದಿನ ಜಾರುತ್ತದೆ.

ಬಹಳ ಸಲ ಗುಡ್ಡ ಮೊದಲೇ ಹೇಳಿಯೂ ಇರುತ್ತದೆ. ನೆತ್ತಿಯಲ್ಲಿ ಬಿರುಕು, ವಾಲಿದ ಮರ, ಒರತೆಯಲ್ಲಿ ಕೆಸರುನೀರು, ಇದ್ದಕ್ಕಿದ್ದಂತೆ ಹಾಕಲು ಬಾರದ ಬಾಗಿಲು. ಇದೆಲ್ಲ ಮೊದಲು ಕಾಣೋದು ದನ ಮೇಯಿಸೋರಿಗೆ, ಸೊಪ್ಪು ತರೋ ಹೆಂಗಸರಿಗೆ. ಅವರು ಹೇಳಬೇಕಾದ್ದು ಯಾರಿಗೆ? ರಸ್ತೆ ಒಂದು ಇಲಾಖೆಯದು, ಕಾಡು ಇನ್ನೊಂದರದು, ಮನೆ ಪಂಚಾಯ್ತಿಯ ಲೆಕ್ಕದ್ದು. ಬಿರುಕು ಯಾರದೂ ಅಲ್ಲ.

ಮಳೆ ಹಿಡಿದ ಮೇಲೆ ನೋಟೀಸು ಬರುತ್ತದೆ: ಅಪಾಯವಿದೆ, ಜಾಗ ಖಾಲಿ ಮಾಡಿ. ಹೋಗೋದೆಲ್ಲಿಗೆ ಸ್ವಾಮೀ? ಕಾಳಜಿ ಕೇಂದ್ರದಲ್ಲಿ ಮನುಷ್ಯರಿಗೆ ಊಟ ಸಿಕ್ಕೀತು, ಕೊಟ್ಟಿಗೆಯ ದನಕ್ಕೆ ಹುಲ್ಲು ಹಾಕೋರು ಯಾರು? ತಪ್ಪಿದ ಕೂಲಿ ತುಂಬಿಕೊಡೋರು ಯಾರು? ಅದಕ್ಕೇ ಜನ ಜೀವ ಕೈಯಲ್ಲಿ ಹಿಡಿದು ಅಲ್ಲೇ ಕೂರುತ್ತಾರೆ. ಅದನ್ನು ಹಠ ಎನ್ನುವವರು ಒಂದು ರಾತ್ರಿ ಅಲ್ಲಿ ಮಲಗಿ ನೋಡಲಿ.

ಆಗಬೇಕಾದ ಕೆಲಸ ಬೇಸಗೆಯದು. ಕಡಿದ ಗುಡ್ಡಗಳನ್ನು ಊರವರ ಜೊತೆಗೇ ಹತ್ತಿ ನೋಡಬೇಕು. ಮೇಲಿನ ನೀರು ಹರಿದುಹೋಗಲು ಕಾಲುವೆ ತೆಗೆಸಬೇಕು. ನೆಟ್ಟಗೆ ನಿಂತ ಮಣ್ಣನ್ನು ಮೆಟ್ಟಿಲು ಮಾಡಿ ಇಳಿಸಬೇಕು. ಬಿರುಕು ಕಂಡವರ ಮಾತು ಕೇಳಿ, ಅದೇ ದಿನ ಬಂದು ನೋಡುವ ಒಬ್ಬ ಹೊಣೆಗಾರ ಅಧಿಕಾರಿ ಪ್ರತಿ ತಾಲೂಕಿಗೂ ಬೇಕು.

ಉಳಿಯಲಾಗದ ಜಾಗವಾದರೆ, ನೋಟೀಸಿನ ಜೊತೆಗೆ ಬದಲಿ ನಿವೇಶನದ ಕಾಗದವನ್ನೂ ಕೊಡಲಿ. ಆಗ ಖಾಲಿ ಮಾಡಿ ಎಂದರೆ ಜನ ಮಾಡಿಯಾರು.